ಕುಂಬಳಕಾಯಿಗೆ ನೀರು ಬೇಡ, ಬೆಂಕಿ ಸಾಕು

ಕಲಬುರಗಿ ಕಡೆ ಕುಂಬಳಕಾಯಿ ತಂದರೆ ಒಂದೋ ಪಲ್ಯ, ಇಲ್ಲಾ ಗಾರಿಗಿ (ಬೆಲ್ಲ, ಹಿಟ್ಟು ಸೇರಿಸಿ ತಟ್ಟಿ ಕರಿಯುವ ಸಿಹಿ). ಪಲ್ಯಕ್ಕೆ ನೀರು ಜಾಸ್ತಿ ಹಾಕಿ ಮುಚ್ಚಿಟ್ಟರೆ ಹೋಳು ಕಲಸಿಹೋಗುತ್ತದೆ, ರುಚಿಯೂ ಸಪ್ಪೆ. ಮಕ್ಕಳು ಬೇಡ ಅನ್ನುವುದು ಇದನ್ನೇ. ಅದೇ ಕಾಯಿಯನ್ನು ನೀರು ಮುಟ್ಟಿಸದೆ ಹುರಿದು ನೋಡಿ. ಅಂಚು ಕೆಂಪಗಾಗಿ, ಒಳಗೆ ಬೆಣ್ಣೆಯಂತೆ ಮೆತ್ತಗಾಗಿ, ಅದರ ಸಿಹಿ ಎದ್ದು ಬರುತ್ತದೆ.

ಕುಂಬಳಕಾಯಿಯಲ್ಲಿ ಶೇ 90ರಷ್ಟು ನೀರೇ ಇದೆ. ಹೋಳಿನ ಮೇಲೆ ತೇವ ಇರುವವರೆಗೆ ಅದರ ಬಿಸಿ 100 ಡಿಗ್ರಿ ದಾಟುವುದಿಲ್ಲ. ಹುರಿದ ಬಣ್ಣ, ಘಮ ಬರಬೇಕಾದರೆ ಸುಮಾರು 140 ಡಿಗ್ರಿ ಬೇಕು. ಹಾಗಾಗಿ ಮೊದಲು ತೇವ ಹಾರಬೇಕು.

ಕಾಯಿ ಆರಿಸುವಾಗಲೇ ಅರ್ಧ ಕೆಲಸ ಮುಗಿಯುತ್ತದೆ. ಇಡೀ ಕಾಯಿಯಾದರೆ ತೊಟ್ಟು ಒಣಗಿರಲಿ, ಸಿಪ್ಪೆಗೆ ಉಗುರು ಇಳಿಯಬಾರದು, ಕೈಯಲ್ಲಿ ಹಿಡಿದರೆ ಭಾರ ಅನ್ನಿಸಬೇಕು. ಸಂತೆಯಲ್ಲಿ ಹೋಳು ಕತ್ತರಿಸಿ ತೂಗಿ ಕೊಡುತ್ತಾರಲ್ಲ, ಅಲ್ಲಿ ಬಣ್ಣ ನೋಡಿ. ತಿರುಳು ದಟ್ಟ ಕೇಸರಿ ಇರಲಿ. ಬೀಜದ ಸುತ್ತ ಲೋಳೆಯಾಗಿದ್ದರೆ ಬಿಟ್ಟುಬಿಡಿ. ತಿರುಳು ತೆಳು ಹಳದಿಯಾಗಿದ್ದರೆ ಅದು ಎಳೆಯದು, ಸಾರಿಗೆ ಸರಿ, ಹುರಿಯಲು ಬೇಡ.

ನಾಲ್ಕು ಜನಕ್ಕೆ ಮುಕ್ಕಾಲು ಕಿಲೋ ಸಾಕು. ಬೀಜ, ದಪ್ಪ ಸಿಪ್ಪೆ ತೆಗೆದು ಒಂದು ಇಂಚಿನ ಹೋಳು ಮಾಡಿ. ಎಲ್ಲ ಒಂದೇ ಗಾತ್ರ ಇರಲಿ, ಇಲ್ಲದಿದ್ದರೆ ಒಂದು ಸೀಯುವಷ್ಟರಲ್ಲಿ ಇನ್ನೊಂದು ಹಸಿ ಉಳಿಯುತ್ತದೆ. ಒಣ ಬಟ್ಟೆಯಲ್ಲಿ ಒರೆಸಿ. ಎರಡು ಚಮಚ ಶೇಂಗಾ ಎಣ್ಣೆ, ಅರ್ಧ ಚಮಚ ಜೀರಿಗೆ ಹಾಕಿ ಕಲಸಿ. ಉಪ್ಪು ಒಲೆಗೆ ಇಡುವ ಹೊತ್ತಿಗೆ ಹಾಕಿ. ಮೊದಲೇ ಹಾಕಿದರೆ ನೀರು ಬಿಡುತ್ತದೆ.

ಓವನ್ ಇದ್ದವರು 200 ಡಿಗ್ರಿಗೆ ಮೊದಲೇ ಕಾಯಿಸಿಟ್ಟು, ತಟ್ಟೆಯಲ್ಲಿ ಹೋಳುಗಳನ್ನು ಬಿಡಿಬಿಡಿಯಾಗಿ ಹರಡಿ. ಒತ್ತಾಗಿ ತುಂಬಿದರೆ ತಮ್ಮ ಹಬೆಯಲ್ಲೇ ಬೇಯುತ್ತವೆ, ಹುರಿಯುವುದಿಲ್ಲ. 15 ನಿಮಿಷ ಆದ ಮೇಲೆ ಒಮ್ಮೆ ತಿರುವಿ, ಮತ್ತೆ 10 ನಿಮಿಷ ಬಿಡಿ.

ಓವನ್ ಇಲ್ಲದವರಿಗೆ ರೊಟ್ಟಿ ಸುಡುವ ಕಬ್ಬಿಣದ ಹಂಚೇ ಸಾಕು. ನನಗಂತೂ ಹಂಚಿನದೇ ಹೆಚ್ಚು ಇಷ್ಟ, ಕೆಳಗೆ ಕೆಂಪು ಪದರ ಚೆನ್ನಾಗಿ ಕೂರುತ್ತದೆ. ಉರಿ ಮಧ್ಯಮ ಇರಲಿ. ಹೋಳು ಇಟ್ಟ ಮೇಲೆ ಆರೇಳು ನಿಮಿಷ ಸುಮ್ನೆ ಬಿಡಿ, ಪದೇ ಪದೇ ಕೈಯಾಡಿಸಬೇಡಿ. ತಳ ಕೆಂಪಾದಾಗ ತಾನೇ ಹಂಚು ಬಿಡುತ್ತದೆ. ಆಗ ತಿರುವಿ, ನಾಲ್ಕು ನಿಮಿಷ ಮುಚ್ಚಿ, ಮುಚ್ಚಳ ತೆಗೆದು ತೇವ ಆರಿಸಿ. ಚಾಕು ಸಲೀಸಾಗಿ ಇಳಿದರೆ ಬೆಂದಂತೆ.

ಬೆಲ್ಲದ ಸರದಿ ಈಗ. ಮೊದಲೇ ಹಾಕಿದರೆ ಸೀದು ಕಹಿಯಾಗುತ್ತದೆ. ಎರಡು ಚಮಚ ಪುಡಿ ಬೆಲ್ಲ, ಒಂದು ಚಮಚ ಗಟ್ಟಿ ಹುಣಸೆ ರಸ, ಮುಕ್ಕಾಲು ಚಮಚ ಕೆಂಪು ಖಾರ ಕಲಸಿ ಹೋಳುಗಳಿಗೆ ಸವರಿ. ಓವನ್‌ನಲ್ಲಿ ಐದು ನಿಮಿಷ, ಹಂಚಿನಲ್ಲಾದರೆ ಸಣ್ಣ ಉರಿಯಲ್ಲಿ ಒಂದೇ ನಿಮಿಷ. ಹುಣಸೆ ಬಿಡಬೇಡಿ, ಹುಳಿ ಇಲ್ಲದಿದ್ದರೆ ಸಿಹಿ ಬೇಗ ಮುಖ ಕಟ್ಟುತ್ತದೆ. ಇಳಿಸಿದ ಮೇಲೆ ಬೆಳ್ಳುಳ್ಳಿ ಜಜ್ಜಿ ಕರಿಬೇವಿನ ಜೊತೆ ಒಗ್ಗರಣೆ ಕೊಡಿ, ಮೇಲೆ ಗುರೆಳ್ಳು (ಹುಚ್ಚೆಳ್ಳು) ಪುಡಿ ಉದುರಿಸಿ.

ಬಿಸಿ ಜೋಳದ ರೊಟ್ಟಿ, ತೊಗರಿ ಬೇಳೆ, ಮೊಸರಿನ ಜೊತೆ ಇದು ಹೇಳಿ ಮಾಡಿಸಿದಂತಿರುತ್ತದೆ. ಆರಿದ ಮೇಲೂ ರುಚಿ ಕೆಡುವುದಿಲ್ಲ. ಹಾಗಾಗಿ ಎಳ್ಳಮಾವಾಸ್ಯೆಗೆ ಹೊಲಕ್ಕೆ ಹೋಗುವಾಗ ಸಜ್ಜಿ ರೊಟ್ಟಿ, ಭಜ್ಜಿಯ (ಕಾಳು, ಸೊಪ್ಪು ಕೂಡಿಸಿ ಮಾಡುವ ಪಲ್ಯ) ಪಕ್ಕ ಒಂದು ಡಬ್ಬಿ ಇದನ್ನೂ ಇಡಬಹುದು. ಗಾರಿಗಿ ಆಸೆ ಇದ್ದರೆ ಖಾರ ಸವರುವ ಮೊದಲೇ ನಾಲ್ಕಾರು ಹೋಳು ಎತ್ತಿಟ್ಟುಕೊಳ್ಳಿ. ಮರುದಿನ ಹಿಸುಕಿ ಬೆಲ್ಲ, ಗೋಧಿ ಹಿಟ್ಟು ಸೇರಿಸಿ ತಟ್ಟಿ ಕರಿದರೆ ಆಯಿತು.