ಸಾದಿಯಾಳ ಕೇಸು: ಸ್ಕೈರಿಮ್‌ನ ಒಂದು ಚಿಕ್ಕ ಪಾತ್ರವೂ ಅಪ್ಪನ ಪಾಟೀ ಸವಾಲೂ

2020ರ ಲಾಕ್‌ಡೌನಿನಲ್ಲಿ ಬೆಂಗಳೂರಿನ ಪಿಜಿ ಖಾಲಿ ಮಾಡಿ ಊರಿಗೆ ಬಂದೆ. ಕೈಯಲ್ಲಿ ಎರಡು ಬ್ಯಾಗು, ಒಂದು ಲ್ಯಾಪ್‌ಟಾಪು. ಲ್ಯಾಪ್‌ಟಾಪಿನಲ್ಲಿ ‘ಸ್ಕೈರಿಮ್’. 2011ರ ನವೆಂಬರ್ 11ರಂದು ಬಂದ ವಿಡಿಯೊ ಗೇಮ್ ಅದು, ಅಷ್ಟರಲ್ಲಿ ನಾನು ಎರಡು ಸಲ ಆಡಿಯೂ ಆಗಿತ್ತು. ರಾತ್ರಿ ಊಟ ಮುಗಿಸಿ ಹಜಾರದ ಮೂಲೆಯಲ್ಲಿ ಮತ್ತೆ ಶುರು ಮಾಡಿದರೆ, ಅಪ್ಪ ಕುರ್ಚಿ ಎಳೆದುಕೊಂಡು ಹಿಂದೆ ಬಂದು ಕೂರುತ್ತಿದ್ದರು. ನ್ಯಾಯಾಲಯದಲ್ಲಿ ಬೆಂಚ್ ಕ್ಲರ್ಕ್ ಆಗಿದ್ದು ನಿವೃತ್ತರಾದವರು. ಡ್ರ್ಯಾಗನ್ ಬಂದರೆ ಅವರಿಗೆ ಆಕಳಿಕೆ. ಯಾರಾದರೂ ಮಾತಾಡಲು ಶುರು ಮಾಡಿದರೆ ಮಾತ್ರ ಕನ್ನಡಕ ಹಾಕಿಕೊಳ್ಳುತ್ತಿದ್ದರು. ಅವರು ಹಾಗೆ ಕೂತಿದ್ದರಿಂದಲೇ ಎರಡು ಸಲ ಆಡಿದರೂ ನಾನು ಸರಿಯಾಗಿ ಕಂಡಿರದ ಒಂದು ಪಾತ್ರವನ್ನು ಕಂಡೆ.

ವೈಟ್‌ರನ್ ಎಂಬ ಊರಿನ ಹೆಬ್ಬಾಗಿಲ ಒಳಗೆ ಇಬ್ಬರು ಪೇಟದವರು ಕಾವಲುಗಾರನ ಜೊತೆ ವಾದಕ್ಕೆ ನಿಂತಿರುತ್ತಾರೆ. ಹ್ಯಾಮರ್‌ಫೆಲ್ ಎಂಬ ಮರುಭೂಮಿ ಸೀಮೆಯ ಅಲಿಕರ್ ಯೋಧರು. ತಮ್ಮ ನಾಡಿನ, ರೆಡ್‌ಗಾರ್ಡ್ ಎಂಬ ತಮ್ಮದೇ ಜನಾಂಗದ ಒಬ್ಬ ಹೆಂಗಸನ್ನು ಹುಡುಕುತ್ತಿದ್ದೇವೆ, ಅವಳು ಸ್ವಂತ ಹೆಸರಿನಲ್ಲಿ ಇರಲಿಕ್ಕಿಲ್ಲ, ಸುಳಿವು ಕೊಟ್ಟವರಿಗೆ ಹಣ ಉಂಟು, ರೋರಿಕ್‌ಸ್ಟೆಡ್ ಹಳ್ಳಿಯಲ್ಲಿ ಸಿಗುತ್ತೇವೆ ಎನ್ನುತ್ತಾರೆ. ಊರ ನಡುವಿನ ಬ್ಯಾನರ್ಡ್ ಮೇರ್ ಎಂಬ ಛತ್ರದಲ್ಲಿ ಊಟ ಬಡಿಸುವ ಸಾದಿಯಾ ಆ ಸೀಮೆಯವಳು. ಇಷ್ಟು ಗೊತ್ತಾದರೆ ಉಳಿದದ್ದನ್ನು ಆಟವೇ ನಡೆಸಿಕೊಂಡು ಹೋಗುತ್ತದೆ. ಸಾವಿರ ಕೆಲಸಗಳ ನಡುವಿನ ಒಂದು ಪುಟ್ಟ ಕೆಲಸ, ಅರ್ಧ ಗಂಟೆಯಲ್ಲಿ ಮುಗಿಯುತ್ತದೆ. ನಾನೂ ಹಾಗೆಯೇ ಮುಗಿಸಿದ್ದೆ.

ಮೊದಲ ಸಲ ಸಾದಿಯಾಳ ಮಾತು ನಂಬಿ ಹೋಗಿ ಆ ಯೋಧರ ನಾಯಕ ಕೆಮಾತು ಎಂಬವನನ್ನು ಕೊಂದೆ. ಅವನು ಬಾಯಿ ತೆರೆಯುವ ಮೊದಲೇ ಬಾಣ ಬಿಟ್ಟಿದ್ದೆ. ಎರಡನೇ ಸಲ ಕೆಮಾತುವಿನ ಮಾತು ಕೇಳಿ ಅವಳನ್ನು ಹಿಡಿದುಕೊಟ್ಟೆ. ಎರಡೂ ಸಲ 500 ಚಿನ್ನದ ನಾಣ್ಯ ಸಿಕ್ಕಿತು. ಎರಡೂ ಸಲ ಆಟ ‘ನೀನು ಮಾಡಿದ್ದು ಸರಿ’ ಎಂದೂ ಹೇಳಲಿಲ್ಲ, ‘ತಪ್ಪು’ ಎಂದೂ ಹೇಳಲಿಲ್ಲ. ಆಗ ಅದು ತಲೆಗೆ ಹತ್ತಿರಲೂ ಇಲ್ಲ.

ಮೂರನೇ ಸಲ, ಅಪ್ಪ ಹಿಂದೆ ಕೂತಿದ್ದಾಗ, ಸಾದಿಯಾಳ ಹತ್ತಿರ ಹೋಗಿ ನಿನ್ನನ್ನು ಯಾರೋ ಹುಡುಕುತ್ತಿದ್ದಾರೆ ಎಂದೆ. ಅವಳ ಮುಖ ಬದಲಾಯಿತು. ಇಲ್ಲಿ ಬೇಡ, ಮೇಲೆ ಬಾ ಎಂದಳು. ಮರದ ಮೆಟ್ಟಿಲು ಹತ್ತಿ ಮಹಡಿಯ ಕೋಣೆಗೆ ಹೋದೆವು. ಒಳಗೆ ಕಾಲಿಟ್ಟಿದ್ದೇ ತಿರುಗಿ ಚಾಕು ಹಿಡಿದಳು.

‘ನಿಲ್ಲಿಸು, ನಿಲ್ಲಿಸು,’ ಎಂದರು ಅಪ್ಪ. ‘ಚಾಕು ಎಲ್ಲಿಂದ ಬಂತು?’

‘ಅವಳ ಹತ್ತಿರಾನೇ ಇತ್ತಪ್ಪ.’

‘ಊಟ ಬಡಿಸೋವಾಗಲೂ ಸೊಂಟದಲ್ಲೇ ಇತ್ತಾ? ಬರ್ಕೋ ಅದನ್ನ.’

ಹಾಗೆ ನೋಟ್‌ಬುಕ್ಕು ಬಂತು. ಪುಟದ ನಡುವೆ ಗೆರೆ ಎಳೆಸಿದರು. ಎಡಕ್ಕೆ ‘ಹೇಳಿದ್ದು’, ಬಲಕ್ಕೆ ‘ಕಂಡದ್ದು’. ಒಬ್ಬರು ಹೇಳಿದ ಮಾತನ್ನು ನಾನು ಕಣ್ಣಾರೆ ಕಾಣುವವರೆಗೆ ಬಲಕ್ಕೆ ದಾಟಿಸುವಂತಿಲ್ಲ. ಇಷ್ಟೇ ನಿಯಮ. ಈ ಆಟವನ್ನು ಆಡುವವರು ಯಾರಾದರೂ ಇದ್ದರೆ ಒಮ್ಮೆ ಮಾಡಿ ನೋಡಿ. ಮೂರು ದಿನ ಕಳೆದರೂ ನನ್ನ ಎಡಗಡೆ ಎರಡು ಪುಟ ತುಂಬಿತ್ತು, ಬಲಗಡೆ ಏಳೇ ಸಾಲು.

ಎಡಗಡೆಯ ಕತೆ ಹೀಗಿದೆ. ಚಾಕು ಇಳಿಸಿದ ಮೇಲೆ ಅವಳು ಹೇಳುವುದು: ನನ್ನ ನಿಜವಾದ ಹೆಸರು ಇಮಾನ್. ಹ್ಯಾಮರ್‌ಫೆಲ್‌ನ ಸುದಾ ಮನೆತನದವಳು. ಆಲ್ಡ್‌ಮೆರಿ ಡೊಮಿನಿಯನ್ ವಿರುದ್ಧ ಬಹಿರಂಗವಾಗಿ ಮಾತಾಡಿದೆ, ಅದಕ್ಕೇ ಈ ಕೊಲೆಗಡುಕರು ಹಣದಾಸೆಗೆ ನನ್ನ ಬೆನ್ನು ಬಿದ್ದಿದ್ದಾರೆ. ಅವರ ನಾಯಕ ಕೆಮಾತು, ಅವನೊಬ್ಬ ಹೋದರೆ ಉಳಿದವರು ಚೆದುರುತ್ತಾರೆ. ಡೊಮಿನಿಯನ್ ಎಂದರೆ ಎಲ್ಫ್ ಎಂಬ ಚೂಪುಕಿವಿಯ ಜನಾಂಗದ ರಾಜ್ಯ. ಅದನ್ನು ಆಳುವವರು ಥಾಲ್ಮೋರ್. ಕೆಮಾತು ಹೇಳುವುದು: ಅವಳು ನಿನ್ನ ಮಾನಕ್ಕೆ ಮೊರೆ ಹೋದಳೋ, ದುರಾಸೆಗೆ ಮೊರೆ ಹೋದಳೋ ಗೊತ್ತಿಲ್ಲ, ಹೇಳಿದ್ದು ಮಾತ್ರ ಸುಳ್ಳು. ಟಾನೆತ್ ನಗರವನ್ನು ಡೊಮಿನಿಯನ್‌ಗೆ ಮಾರಿದವಳು ಅವಳೇ. ಅವಳು ದ್ರೋಹ ಮಾಡದಿದ್ದರೆ ಟಾನೆತ್ ಬೀಳುತ್ತಿರಲಿಲ್ಲ. ಉಳಿದ ಮನೆತನಗಳಿಗೆ ಗೊತ್ತಾದಾಗ ಓಡಿಬಂದಳು. ಜೀವಂತ ಹಿಡಿದು ತರಲು ನಮ್ಮನ್ನು ಕಳಿಸಿದ್ದಾರೆ.

ಅಪ್ಪ ಎರಡನ್ನೂ ಓದಿಸಿ ಕೇಳಿದರು. ‘ಕರ್ತೃ ಅದೇ, ಕರ್ಮ ಅದೇ. ಕ್ರಿಯಾಪದ ಒಂದೇ ಬೇರೆ,’ ಎಂದರು. ಇದನ್ನು ಬರೆದವನ ಜಾಣತನ ಅಲ್ಲೇ ಇದೆ ಅನ್ನಿಸಿತು ನನಗೆ. ದೊಡ್ಡ ಮನೆತನ, ಡೊಮಿನಿಯನ್, ಪಲಾಯನ, ಬದಲಾದ ಹೆಸರು: ನಾಲ್ಕನ್ನೂ ಇಬ್ಬರೂ ಒಪ್ಪುತ್ತಾರೆ. ‘ವಿರುದ್ಧ ಮಾತಾಡಿದೆ’, ‘ಮಾರಿದಳು’ ಇವೆರಡರ ನಡುವೆ ಮಾತ್ರ ಜಗಳ. ಇಬ್ಬರೂ ಬೇರೆ ಬೇರೆ ಕತೆ ಹೇಳಿದ್ದರೆ ಒಬ್ಬರ ಸುಳ್ಳನ್ನು ಹಿಡಿಯಬಹುದಿತ್ತು. ಒಂದೇ ಕತೆಯನ್ನು ತಿರುಗಿಸಿ ಹೇಳಿದರೆ ಹಿಡಿಯಲು ಏನೂ ಸಿಗುವುದಿಲ್ಲ.

ಸರಿ, ಬಲಗಡೆಗೆ ಬರೋಣ.

ಕೆಮಾತುವಿನ ಒಬ್ಬ ಆಳು ವೈಟ್‌ರನ್‌ನ ಜೈಲಿನಲ್ಲಿದ್ದಾನೆ. ಅವನ 100 ನಾಣ್ಯದ ದಂಡ ಕಟ್ಟಿದರೆ ಅಡಗುತಾಣ ಹೇಳುತ್ತಾನೆ: ಪಶ್ಚಿಮಕ್ಕಿರುವ ಸ್ವಿಂಡ್ಲರ್ಸ್ ಡೆನ್ ಗುಹೆ. ಸಿಕ್ಕಿಬಿದ್ದ ಮೇಲೆ ತನ್ನವರಿಗೆ ತಾನು ಬೇಡವಾದವನು, ಮರ್ಯಾದೆ ಹೋಯಿತು ಎಂಬ ಕೊರಗು ಅವನಿಗೆ. ಇದು ಅಪ್ಪನಿಗೆ ಹಿಡಿಸಿತು. ‘ಬರೀ ದುಡ್ಡಿಗೆ ಬಂದವನು ಮರ್ಯಾದೆ ಅಂತ ಯಾಕೆ ಅಳ್ತಾನೆ?’ ಕೆಮಾತು ಕಡೆಗೆ ಒಂದು ಅಂಕ. ಕೂಡಲೇ ಅವರೇ ಹಿಂತೆಗೆದುಕೊಂಡರು. ಕಳ್ಳರ ಗುಂಪಿಗೂ ಮರ್ಯಾದೆ ಇರುತ್ತದಂತೆ, ಅದನ್ನು ಅವರು ದಿನಾ ನೋಡಿದವರು.

ಗುಹೆ ದರೋಡೆಕೋರರದ್ದು. ಅವರನ್ನು ದಾಟಿಯೇ ಒಳಗೆ ಹೋಗಬೇಕು. ಜಲಪಾತದ ಹಿಂದಿನ ದಾರಿಗೆ ಬಂದಾಗ ಗೇಮ್ ಸೇವ್ ಮಾಡಿದೆ. ಮುಂದೆ ಹೋಗುವವರಿಗೆ ನನ್ನ ಸಲಹೆಯೂ ಅದೇ, ಅಲ್ಲೇ ಸೇವ್ ಮಾಡಿಕೊಳ್ಳಿ, ಬಿಲ್ಲು ಕೆಳಗಿರಲಿ. ಅಷ್ಟು ಜನ ಕತ್ತಿ ಹಿರಿದು ನಿಂತಿದ್ದರೂ ಕೆಮಾತು ಮಾತಿಗೆ ಬಾ ಎನ್ನುತ್ತಾನೆ, ರಕ್ತ ಸಾಕು ಎನ್ನುತ್ತಾನೆ. ಅವಳ ಮೊದಲ ನಡೆ ಚಾಕು, ಇವನ ಮೊದಲ ನಡೆ ಮಾತು. ಇದು ಬಲಗಡೆಯ ಸಾಲು, ಕಣ್ಣಾರೆ ಕಂಡದ್ದು. ಆದರೆ ಅವಳು ಒಂಟಿ, ಇವನ ಸುತ್ತ ದಂಡು. ಒಂಟಿಯವರ ಕೈಗೆ ಚಾಕು ಬರುತ್ತದೆ, ದಂಡು ಇರುವವನಿಗೆ ಸಾವಧಾನ ಸಲೀಸು. ಅಂಕ ಯಾರಿಗೆ ಕೊಡಲಿ?

‘ವಾರಂಟ್ ಇದೆಯಾ ಅವನ ಹತ್ತಿರ?’ ಅಪ್ಪ ಕೇಳಿದರು.

ಇಲ್ಲ. ಕಾಗದವಿಲ್ಲ, ಮೊಹರಿಲ್ಲ, ಕಳಿಸಿದ ಮನೆತನದ ಹೆಸರೂ ಇಲ್ಲ. ‘ಮತ್ತೆ ಊರ ದೊರೆ ಹತ್ತಿರ ಯಾಕೆ ಹೋಗ್ಲಿಲ್ಲ? ಇವಳೂ ಯಾಕೆ ಹೋಗ್ಲಿಲ್ಲ?’ ಯಾರ್ಲ್ ಬಾಲ್ಗ್ರೂಫ್‌ನ ಅರಮನೆ ಛತ್ರದಿಂದ ಒಂದು ಗುಡ್ಡದ ಮೆಟ್ಟಿಲು ಹತ್ತಿದರೆ ಸಿಗುತ್ತದೆ. ಕೊಲೆಗಡುಕರು ಬಂದಿದ್ದಾರೆ ಎಂದು ಹೇಳಲು ಅವಳಿಗೆ ಐದು ನಿಮಿಷ ಸಾಕು. ದೇಶದ್ರೋಹಿ ನಿಮ್ಮೂರಲ್ಲಿದ್ದಾಳೆ ಎಂದು ಹೇಳಲು ಅವನಿಗೂ ಅಷ್ಟೇ.

ಈ ಪ್ರಶ್ನೆಗಾಗಿ ಆಟದೊಳಗಿನ ಇತಿಹಾಸದ ಪುಸ್ತಕ ಓದಬೇಕಾಯಿತು. ‘ದಿ ಗ್ರೇಟ್ ವಾರ್’ ಎಂದು ಅದರ ಹೆಸರು, ಬರೆದವನು ಸಾಮ್ರಾಜ್ಯದ ಒಬ್ಬ ಸೇನಾಧಿಕಾರಿ. ಸಾಮ್ರಾಜ್ಯ ಎಂದರೆ ಡೊಮಿನಿಯನ್‌ನ ಎದುರಾಳಿ, ವೈಟ್‌ರನ್, ಹ್ಯಾಮರ್‌ಫೆಲ್ ಎರಡೂ ಆಗ ಅದರ ಕೆಳಗಿದ್ದವು. ನಾಲ್ಕನೇ ಯುಗದ 171ರಲ್ಲಿ ಡೊಮಿನಿಯನ್ ದಾಳಿ. 175ರಲ್ಲಿ ಸಾಮ್ರಾಜ್ಯ ದಣಿದು ಸುಸ್ತಾಗಿ ಒಪ್ಪಂದಕ್ಕೆ ಸಹಿ ಹಾಕಿ, ಹ್ಯಾಮರ್‌ಫೆಲ್‌ನ ದಕ್ಷಿಣ ಭಾಗವನ್ನು ಎಲ್ಫ್‌ಗಳಿಗೆ ಬಿಟ್ಟುಕೊಟ್ಟಿತು. ರೆಡ್‌ಗಾರ್ಡ್‌ಗಳು ಒಪ್ಪಲಿಲ್ಲ, ಸಾಮ್ರಾಜ್ಯ ಅವರ ಕೈಬಿಟ್ಟಿತು. ಅವರು ಒಂಟಿಯಾಗಿ ಇನ್ನೂ ಐದು ವರ್ಷ ಕಾದಾಡಿ 180ರಲ್ಲಿ ಡೊಮಿನಿಯನ್ ಸೈನ್ಯ ತಮ್ಮ ನೆಲದಿಂದ ಹೊರಹೋಗುವಂತೆ ಮಾಡಿದರು.

ಇದನ್ನು ಓದಿದ ಮೇಲೆ ಇಬ್ಬರ ಮೌನವೂ ಅರ್ಥವಾಯಿತು. ಬಾಲ್ಗ್ರೂಫ್ ಸಾಮ್ರಾಜ್ಯದ ಕೆಳಗಿನ ದೊರೆ. ಸಾದಿಯಾ ನಿಜವಾಗಿ ಥಾಲ್ಮೋರ್ ವಿರೋಧಿಯಾಗಿದ್ದರೆ, ಥಾಲ್ಮೋರ್ ಜೊತೆ ಒಪ್ಪಂದ ಮಾಡಿಕೊಂಡವರ ಮುಂದೆ ಅದನ್ನು ಒಪ್ಪಿಕೊಳ್ಳಲಾರಳು. ಕೆಮಾತು ನಿಜವಾಗಿ ಹ್ಯಾಮರ್‌ಫೆಲ್‌ನ ಹೋರಾಟಗಾರರ ಕಡೆಯವನಾಗಿದ್ದರೆ, ಡೊಮಿನಿಯನ್‌ಗೆ ನೆರವಾದವಳನ್ನು ಹಿಡಿಯಲು ಬಂದೆ ಎಂದು ಅದೇ ದೊರೆಯ ಮುಂದೆ ಹೇಳಲಾರ. ಒಂದೇ ಒಪ್ಪಂದ ಇಬ್ಬರ ಬಾಯಿಯನ್ನೂ ಕಟ್ಟಿಹಾಕಿದೆ. ಇದು ಯಾರ ಕಡೆಗೂ ಸಾಕ್ಷಿಯಲ್ಲ, ಆದರೆ ಊಟ ಬಡಿಸುವ ಹೆಂಗಸೊಬ್ಬಳ ಹಿಂದೆ ಇಡೀ ಒಂದು ಯುದ್ಧ ನಿಂತಿದೆ ಎಂದು ಗೊತ್ತಾದದ್ದು ನನಗೆ ಆ ರಾತ್ರಿ.

ಆಮೇಲೆ ಅಪ್ಪ ನನ್ನ ತಲೆಗೆ ಎಂದೂ ಹೊಳೆಯದ್ದನ್ನು ಕೇಳಿದರು. ‘ಅವಳ ವಯಸ್ಸೆಷ್ಟು?’

ಆಟ ನಡೆಯುವುದು 201ರಲ್ಲಿ. ಅದೇ ಪುಸ್ತಕದ ಪ್ರಕಾರ 172ರ ಹೊತ್ತಿಗೆ ಹ್ಯಾಮರ್‌ಫೆಲ್‌ನ ದಕ್ಷಿಣ ಕರಾವಳಿ ಪೂರ್ತಿ ಡೊಮಿನಿಯನ್ ಕೈಸೇರಿ, ದಕ್ಷಿಣದ ನಗರಗಳಲ್ಲಿ ಹೆಗಾತ್ ಒಂದೇ ಉಳಿದಿತ್ತು. ಟಾನೆತ್ ಇರುವುದೂ ಅದೇ ಕರಾವಳಿಯಲ್ಲಿ. ಅಪ್ಪ ಬೆರಳು ಮಡಚಿ ಲೆಕ್ಕ ಹಾಕಿದರು. ನಗರ ಮಾರುವಷ್ಟು ಅಧಿಕಾರ ಕೈಗೆ ಬರಬೇಕಾದರೆ ಇಪ್ಪತ್ತಾದರೂ ಆಗಿರಬೇಕು. ಅದಕ್ಕೆ ಇಪ್ಪತ್ತೊಂಬತ್ತು ಸೇರಿಸಿದರೆ ನಲವತ್ತೊಂಬತ್ತು. ಯುದ್ಧದ ಕೊನೇ ವರ್ಷ ಹಿಡಿದರೂ ನಲವತ್ತೊಂದು. ನಾನು ಕ್ಯಾಮೆರಾ ಹತ್ತಿರ ತಂದು ಸಾದಿಯಾಳ ಮುಖ ತೋರಿಸಿದೆ. ಅಪ್ಪ ಕನ್ನಡಕ ಒರೆಸಿ ನೋಡಿದರು. ‘ಮೂವತ್ತು ದಾಟಿಲ್ಲ ಇವಳಿಗೆ.’

ಈ ಆಟದಲ್ಲಿ ಮುಖ ನೋಡಿ ವಯಸ್ಸು ಹೇಳುವುದು ಕಷ್ಟ, ಅದು ನಿಜ. ಹಳೇ ಆಟ, ಮುದುಕಿಯರನ್ನು ಬಿಟ್ಟರೆ ಉಳಿದವರೆಲ್ಲ ಒಂದೇ ವಯಸ್ಸಿನವರಂತೆ ಕಾಣುತ್ತಾರೆ. ಬರೆದವರು ಈ ಲೆಕ್ಕವನ್ನು ಹಾಕಿಯೇ ಇರಲಿಕ್ಕಿಲ್ಲ ಎಂದೂ ಅನ್ನಬಹುದು. ಆದರೂ ಕೆಮಾತುವಿನ ಕತೆಯಲ್ಲಿ ಬಿರುಕು ಕಂಡದ್ದು ಅದೇ ಮೊದಲು.

ಅವಳ ಕಡೆಯೂ ಬಿರುಕು ಇತ್ತು. ಕೆಲಸ ಮುಗಿಸಿ ಬಂದರೆ ಅವಳು ಕೊಡುವ 500 ನಾಣ್ಯ. ಅದೇ ಛತ್ರದಲ್ಲಿ ರಾತ್ರಿಗೆ ಕೋಣೆ ಬಾಡಿಗೆ 10. ಊಟ ಬಡಿಸುವವಳ ಪೆಟ್ಟಿಗೆಯಲ್ಲಿ ಐವತ್ತು ರಾತ್ರಿಯ ಬಾಡಿಗೆ! ಮನೆ ಬಿಟ್ಟು ಓಡಿಬಂದವಳು ಒಡವೆ ಮಾರಿರಬಹುದು ಎಂದರು ಅಮ್ಮ ಅಡುಗೆಮನೆಯಿಂದ. ಅಷ್ಟು ದಿನ ಅವರು ಕೇಳಿಸಿಕೊಳ್ಳುತ್ತಿದ್ದರು ಎಂದು ಗೊತ್ತಾದದ್ದು ಆಗಲೇ.

ಇನ್ನೊಂದು, ಎರಡನೇ ಸಲ ಆಡಿದಾಗಿನದು. ನೆನಪು ಮಾಡಿಕೊಂಡು ಬರೆದೆ. ಅವಳನ್ನು ಪುಸಲಾಯಿಸಿ ಊರ ಹೊರಗಿನ ಕುದುರೆ ಲಾಯದ ಬಳಿ ಕರೆತಂದಿದ್ದೆ. ನನ್ನ ಮುಂದೆ ಓಡೋಡಿ ಬಂದಳು, ಒಮ್ಮೆಯೂ ಅನುಮಾನಪಡಲಿಲ್ಲ. ಲಾಯದ ಪಕ್ಕದಿಂದ ಕೆಮಾತು ಬಂದು ಕೈ ಎತ್ತಿದ. ಹಸಿರು ಬೆಳಕು ಬಡಿದು ಅವಳು ಕೊರಡಿನಂತೆ ಬಿದ್ದಳು. ಕೊಲ್ಲಲಿಲ್ಲ. ಸುತ್ತ ಯಾರೂ ಇರಲಿಲ್ಲ, ಕತ್ತು ಕೊಯ್ದಿದ್ದರೂ ಕೇಳುವವರಿರಲಿಲ್ಲ. ಜೀವಂತ ಒಯ್ಯುತ್ತೇವೆ ಎಂದವನು ಆ ಮಾತಿನ ಮಟ್ಟಿಗಾದರೂ ನಿಂತ. ಅವಳು ಕೊಲೆಗಡುಕರು ಎಂದಿದ್ದಳಲ್ಲ, ಅದು ನನ್ನ ಕಣ್ಣೆದುರು ಸುಳ್ಳಾಯಿತು. ನಾನು ನಾಣ್ಯ ಎಣಿಸಿಕೊಂಡು ಹೊರಟಿದ್ದೆ. ಅವಳ ಕಣ್ಣು ತೆರೆದೇ ಇತ್ತು ಎಂಬುದನ್ನು ನೋಟ್‌ಬುಕ್ಕಿನಲ್ಲಿ ಬರೆಯಲಿಲ್ಲ.

ಎಲ್ಲ ಸಾಲನ್ನೂ ಮುಂದಿಟ್ಟುಕೊಂಡು ನಾನೊಂದು ಊಹೆ ಕಟ್ಟಿದೆ. ಆಟದಲ್ಲಿ ಎಲ್ಲೂ ಇಲ್ಲ, ನನ್ನದೇ. ಟಾನೆತ್ ಅನ್ನು ಮಾರಿದ್ದು ಸುದಾ ಮನೆತನ, ಇಮಾನ್ ಆಗ ಹುಟ್ಟಿರಲಿಲ್ಲ ಅಥವಾ ಕೂಸು. ಮಾರಿದವರು ಸತ್ತರು, ಹೆಸರು ಇವಳ ಪಾಲಿಗೆ ಉಳಿಯಿತು. ಹೀಗಾದರೆ ವಯಸ್ಸು ಕೂಡಿಬರುತ್ತದೆ, ಹಣ ಕೂಡಿಬರುತ್ತದೆ, ಉಳಿದ ಮನೆತನಗಳ ಸಿಟ್ಟೂ ಕೂಡಿಬರುತ್ತದೆ. ಕೆಮಾತು ತನಗೆ ಹೇಳಿಕಳಿಸಿದ್ದನ್ನು ನಂಬಿದ್ದಾನೆ. ಅವಳು ಸುಳ್ಳು ಹೇಳುತ್ತಿದ್ದಾಳೆ, ಆದರೆ ಅವನು ಅಂದುಕೊಂಡ ಸುಳ್ಳಲ್ಲ.

ಅಪ್ಪನಿಗೆ ಹೇಳಿದಾಗ ಸ್ವಲ್ಪ ಹೊತ್ತು ಸುಮ್ಮನಿದ್ದರು. ‘ಸಾಲಕ್ಕಾದ್ರೆ ವಾರಸುದಾರರನ್ನ ಕೇಸಲ್ಲಿ ಪಾರ್ಟಿ ಮಾಡಬಹುದು ಮಗಾ. ಅಪರಾಧಕ್ಕೆ ಆಗಲ್ಲ,’ ಎಂದು ಎದ್ದು ಮಲಗಲು ಹೋದರು.

ಜಲಪಾತದ ಹಿಂದೆ ಮಾಡಿದ ಸೇವ್ ಹಾಗೆಯೇ ಇದೆ. ಅಲ್ಲಿಂದ ಮುಂದೆ ನಾನು ಹೋಗಿಲ್ಲ. ಬೆಂಗಳೂರಿಗೆ ವಾಪಸು ಬಂದು, ಲ್ಯಾಪ್‌ಟಾಪ್ ಬದಲಾಗಿ, ಫೈಲನ್ನು ಹೊಸದಕ್ಕೆ ಹಾಕಿಕೊಂಡಿದ್ದೇನೆ. ಮೊನ್ನೆ ಫೋನಿನಲ್ಲಿ ಮಳೆ, ಮಂಡಿನೋವು, ಕರೆಂಟ್ ಬಿಲ್ಲು ಎಲ್ಲ ಮುಗಿದ ಮೇಲೆ ಅಪ್ಪ ಕೇಳಿದರು, ‘ಆ ಹೆಂಗಸು ಇನ್ನೂ ಛತ್ರದಲ್ಲೇ ಇದಾಳಾ?’

‘ಇದಾಳೆ.’

‘ಕೆಲಸ ಮಾಡ್ಕೊಂಡಿರ್ಲಿ ಬಿಡು.’