ವಿದ್ಯಾರ್ಥಿಗಳಿಗೆ ಫೋನ್ ಸಂದೇಶ: ಅಧ್ಯಾಪಕರು ಪಾಲಿಸಬೇಕಾದ ಕ್ರಮ

2020ರ ಜೂನ್‌ನಲ್ಲಿ ಶಾಲೆಗಳು ಮುಚ್ಚಿದ್ದಾಗ ಕೇರಳ ಸರಕಾರದ ಶೈಕ್ಷಣಿಕ ಟಿ.ವಿ. ವಾಹಿನಿಯಾದ ಕೈಟ್ ವಿಕ್ಟರ್ಸ್‌ನ ‘ಫಸ್ಟ್ ಬೆಲ್’ ಪಾಠಗಳ ಜೊತೆಜೊತೆಗೆ ಕಾಸರಗೋಡು, ಮಂಜೇಶ್ವರ ತಾಲೂಕುಗಳ ಕನ್ನಡ ಶಾಲೆಗಳಲ್ಲಿಯೂ ತರಗತಿಗೊಂದು ವಾಟ್ಸಾಪ್ ಗುಂಪು ಹುಟ್ಟಿಕೊಂಡಿತು. ಶಾಲೆಗಳು ತೆರೆದವು, ಗುಂಪುಗಳು ಮುಚ್ಚಲಿಲ್ಲ. ಅಧ್ಯಾಪಕರು ಮಕ್ಕಳಿಗೆ ಸಂದೇಶ ಕಳುಹಿಸಬಹುದೇ ಎಂದು ಕೇಳಿದರೆ, ಮಾಹಿತಿಗಾಗಿ ಕಳುಹಿಸಬಹುದು, ಅದೂ ರಕ್ಷಕರಿಗೆ ಕಾಣುವಂತೆ ಮಾತ್ರ ಎಂಬುದು ನನ್ನ ಅಭಿಪ್ರಾಯ.

ಮೊದಲು ಸಂಖ್ಯೆಗಳನ್ನು ಸರಿಪಡಿಸಿಕೊಳ್ಳಬೇಕು. ಪ್ರವೇಶ ಅರ್ಜಿಯಲ್ಲಿ ಬರೆದದ್ದು ಎಷ್ಟೋ ಬಾರಿ ಗಲ್ಫ್‌ನಲ್ಲಿ ದುಡಿಯುತ್ತಿರುವ ತಂದೆಯ ಸಂಖ್ಯೆ. ನಾಳೆ ಬಣ್ಣದ ಕಾಗದ ತರಬೇಕೆಂಬ ಸಂದೇಶ ದುಬೈಗೆ ಹೋಗಿ, ಅಲ್ಲಿಂದ ಮನೆಗೆ ಮರಳುವಷ್ಟರಲ್ಲಿ ಅಂಗಡಿ ಮುಚ್ಚಿರುತ್ತದೆ. ಆದ್ದರಿಂದ ವರ್ಷದ ಮೊದಲ ತರಗತಿ ಪಿ.ಟಿ.ಎ. (ರಕ್ಷಕ-ಶಿಕ್ಷಕ ಸಂಘ) ಸಭೆಯಲ್ಲಿಯೇ ಫೋನ್ ಯಾರ ಕೈಯಲ್ಲಿರುತ್ತದೆ, ಸಂದೇಶವನ್ನು ಓದುವವರು ಯಾರು, ಅವರಿಗೆ ಓದಲು ಬರುವ ಭಾಷೆ ಯಾವುದು ಎಂಬುದನ್ನು ಕೇಳಿ ಬರೆದಿಟ್ಟುಕೊಳ್ಳಬೇಕು. ಮಗು ಕನ್ನಡ ಮಾಧ್ಯಮದಲ್ಲಿದ್ದರೂ ಮನೆಮಾತು ತುಳು, ಬ್ಯಾರಿ, ಕೊಂಕಣಿ ಅಥವಾ ಮಲಯಾಳವಾಗಿರಬಹುದು. ತಾಯಿ ಮಲಯಾಳ ಮಾಧ್ಯಮದಲ್ಲಿ ಕಲಿತವರಾಗಿರಬಹುದು. ಅಂಥ ಮನೆಗಳಿಗಾಗಿ ಬರೆದ ಸಂದೇಶದ ಕೆಳಗೆ ಅದೇ ವಿಷಯವನ್ನು ಮನೆಮಾತಿನಲ್ಲಿ ಹೇಳಿದ ಪುಟ್ಟ ಧ್ವನಿ ಸಂದೇಶವೊಂದನ್ನು ಹಾಕಿದರೆ ಸಾಕು. ಮೇಲಿನಿಂದ ಬಂದ ಮಲಯಾಳ ಸುತ್ತೋಲೆಯನ್ನು ಹಾಗೆಯೇ ದಾಟಿಸಿಬಿಡುವುದು ಮಾತ್ರ ಕೂಡದು. ಅದರಲ್ಲಿರುವ ದಿನಾಂಕ, ಸಮಯ, ತರಬೇಕಾದ ವಸ್ತು ಇಷ್ಟನ್ನಾದರೂ ಕನ್ನಡದಲ್ಲಿ ಬರೆಯಬೇಕು.

ಗುಂಪಿಗೆ ತರಗತಿ ಅಧ್ಯಾಪಕರಲ್ಲದೆ ಇನ್ನೊಬ್ಬ ಅಧ್ಯಾಪಕರೂ ಮುಖ್ಯೋಪಾಧ್ಯಾಯರೂ ಅಡ್ಮಿನ್ ಆಗಿರಲಿ, ಮತ್ತು ಅಡ್ಮಿನ್‌ಗಳಷ್ಟೇ ಸಂದೇಶ ಹಾಕುವಂತೆ ಸೆಟ್ಟಿಂಗ್ ಬದಲಿಸಿರಲಿ. ಶುಭೋದಯದ ಹೂಗಳ ನಡುವೆ ಪರೀಕ್ಷೆಯ ವೇಳಾಪಟ್ಟಿಯನ್ನು ಹುಡುಕುವ ಕಷ್ಟ ಇದರಿಂದ ತಪ್ಪುತ್ತದೆ. ಸಾಮಾನ್ಯ ಫೋನ್ ಇರುವ ಮನೆಗೆ ಎಸ್‌ಎಂಎಸ್ ಕಳುಹಿಸುವಾಗ ಒಂದು ಲೆಕ್ಕ ನೆನಪಿರಲಿ: ಇಂಗ್ಲಿಷಿನಲ್ಲಿ 160 ಅಕ್ಷರ ಹಿಡಿಯುವ ಒಂದು ಸಂದೇಶದಲ್ಲಿ ಕನ್ನಡಕ್ಕೆ ಸಿಗುವುದು 70 ಮಾತ್ರ, ಅದರಲ್ಲಿಯೂ ಗುಣಿತ ಚಿಹ್ನೆ, ಒತ್ತಕ್ಷರಗಳು ಬೇರೆಬೇರೆಯಾಗಿ ಎಣಿಕೆಯಾಗುವುದರಿಂದ ‘ಕ್ಷೆ’ ಒಂದಕ್ಕೇ ನಾಲ್ಕು ಖರ್ಚಾಗುತ್ತದೆ. “ನಾಳೆ ಮಂಗಳವಾರ ಗಣಿತ ಪರೀಕ್ಷೆ ಬೆಳಿಗ್ಗೆ 10ಕ್ಕೆ. ಕಂಪಾಸು ತರಬೇಕು.” ಇಷ್ಟು ಬರೆದರೆ ಒಂದೇ ಸಂದೇಶದಲ್ಲಿ ಮುಗಿಯುತ್ತದೆ. ಪ್ರಿಯ ರಕ್ಷಕರೇ ಎಂದು ಆರಂಭಿಸಿದರೆ ಮುಗಿಯುವುದಿಲ್ಲ.

ಕಠಿಣವಾದ ಭಾಗವೆಂದರೆ ಪ್ರೌಢಶಾಲೆಯ ಮಕ್ಕಳು ನೇರವಾಗಿ ಅಧ್ಯಾಪಕರಿಗೆ ಬರೆಯುವುದು. ಪಾಠದ ಸಂಶಯವಾದರೆ ನಾಳೆ ತರಗತಿಯಲ್ಲಿ ಹೇಳುತ್ತೇನೆಂದು ಒಂದೇ ಸಾಲು ಬರೆದು, ಉತ್ತರವನ್ನು ಎಲ್ಲರಿಗೂ ಕೊಡಬೇಕು. ರಾತ್ರಿ ಎಂಟರ ಅನಂತರ ಉತ್ತರಿಸಬಾರದು, ಖಾಸಗಿಯಾಗಿ ಮಗುವಿನ ಚಿತ್ರ ಕೇಳಬಾರದು, ಕಳುಹಿಸಬಾರದು, ತಾನಾಗಿ ಅಳಿಸಿಹೋಗುವ ಸಂದೇಶದ ಸೌಲಭ್ಯವನ್ನು ಬಳಸಲೇಬಾರದು. ಮಕ್ಕಳನ್ನು ಲೈಂಗಿಕ ಅಪರಾಧಗಳಿಂದ ರಕ್ಷಿಸುವ 2012ರ ಪೋಕ್ಸೊ ಕಾಯ್ದೆಯ ಪ್ರಕಾರ ಲೈಂಗಿಕ ಉದ್ದೇಶದಿಂದ ಮಗುವನ್ನು ಡಿಜಿಟಲ್ ಮಾಧ್ಯಮದ ಮೂಲಕ ಪದೇಪದೇ ಸಂಪರ್ಕಿಸುವುದು ಕೂಡ ಲೈಂಗಿಕ ಕಿರುಕುಳವೇ ಆಗಿರುವುದರಿಂದ, ಎಲ್ಲವೂ ತೆರೆದಿರುವುದು ಮಗುವಿಗೆ ಮಾತ್ರವಲ್ಲದೆ ಪ್ರಾಮಾಣಿಕ ಅಧ್ಯಾಪಕರಿಗೂ ರಕ್ಷಣೆ.

ಇದಕ್ಕೊಂದು ಅಪವಾದವಿದೆ. ತನಗೆ ಮನೆಯಲ್ಲಿಯೇ ಯಾರೋ ತೊಂದರೆ ಕೊಡುತ್ತಿದ್ದಾರೆಂದು ಮಗು ಬರೆದರೆ, ಆ ಸಂದೇಶವನ್ನು ರಕ್ಷಕರಿಗೆ ತೋರಿಸುವುದು ಮಗುವನ್ನು ಅಪಾಯಕ್ಕೆ ನೂಕಿದಂತೆ. ಆಗ ಪ್ರಶ್ನೆಗಳ ಸುರಿಮಳೆ ಬೇಡ, ಯಾರಿಗೂ ಹೇಳುವುದಿಲ್ಲವೆಂಬ ಭರವಸೆಯೂ ಬೇಡ. ನೀನು ಹೇಳಿದ್ದು ಒಳ್ಳೆಯದಾಯಿತು, ಸಹಾಯ ಮಾಡಬಲ್ಲವರಿಗೆ ತಿಳಿಸುತ್ತೇನೆ ಎಂದಷ್ಟೇ ಬರೆದು, ಸಂದೇಶವನ್ನು ಅಳಿಸದೆ ಉಳಿಸಿಕೊಂಡು, ಮಕ್ಕಳ ಸಹಾಯವಾಣಿ 1098ಕ್ಕೆ ಕರೆ ಮಾಡಬೇಕು. ಲೈಂಗಿಕ ದೌರ್ಜನ್ಯದ ವಿಷಯವಾದರೆ ಪೋಕ್ಸೊ ಕಾಯ್ದೆಯ 19ನೇ ವಿಧಿಯಂತೆ ಪೊಲೀಸರಿಗೆ ತಿಳಿಸುವುದು ಕಡ್ಡಾಯ; ಮುಖ್ಯೋಪಾಧ್ಯಾಯರಿಗೆ ಹೇಳಿದೆನೆಂಬುದರಿಂದ ಆ ಹೊಣೆ ಕಳೆಯುವುದಿಲ್ಲ.

ನೋಟ್ಸ್ ಕಳುಹಿಸುವ ಅಭ್ಯಾಸವನ್ನೂ ಬಿಡಬೇಕು. ಹೈಯರ್ ಸೆಕೆಂಡರಿ ಮಕ್ಕಳಿಗೆ ವಾಟ್ಸಾಪ್ ಮೂಲಕ ನೋಟ್ಸ್ ಕೊಡಬಾರದೆಂದು ಕೇರಳದ ಶಿಕ್ಷಣ ಇಲಾಖೆ 2024ರ ನವೆಂಬರ್‌ನಲ್ಲಿ ಸೂಚಿಸಿತು. ಅದು ಸರಿಯಾದ ಕ್ರಮವೆಂದೇ ನನ್ನ ಎಣಿಕೆ, ಏಕೆಂದರೆ ಹತ್ತಾರು ಪುಟಗಳ ಪ್ರಿಂಟ್ ತೆಗೆಸುವ ಖರ್ಚು ಬೀಳುವುದು ಮನೆಯವರ ಮೇಲೆ.

ಮಳೆಗಾಲದ ರಜೆಯ ಸುದ್ದಿಯನ್ನು ಜಿಲ್ಲಾಧಿಕಾರಿಗಳ ಅಧಿಕೃತ ಪುಟದಲ್ಲಿ ನೋಡಿದ ಮೇಲೆಯೇ ಹಾಕಬೇಕು. ಕಳೆದ ವರ್ಷದ ಪ್ರಕಟಣೆಯೇ ಮತ್ತೆ ಹರಿದಾಡುವುದುಂಟು. ವಾರ್ಷಿಕ ಪರೀಕ್ಷೆ ಮುಗಿದು ಫಲಿತಾಂಶ ತಿಳಿಸಿದ ಮೇಲೆ ಹಳೆಯ ಗುಂಪನ್ನು ಮುಚ್ಚಿ, ಜೂನ್‌ನಲ್ಲಿ ಹೊಸ ಹಾಜರಿ ಪಟ್ಟಿಯೊಂದಿಗೆ ಹೊಸ ಗುಂಪನ್ನು ಮಾಡಬೇಕು.