ಔಟ್‌ರಿಗರ್ ಟ್ರಸ್‌ಗಳನ್ನು ನಾವು ತಡವಾಗಿ ಬಿಗಿದದ್ದು ಏಕೆ

60 ಮಹಡಿಗಳ, 240 ಮೀಟರ್ ಎತ್ತರದ ಕಟ್ಟಡವೊಂದರ ರಚನಾ ವಿನ್ಯಾಸ ನನ್ನ ಪಾಲಿಗೆ ಬಂದಾಗ, ಲಿಫ್ಟ್ ಮತ್ತು ಮೆಟ್ಟಿಲುಗಳನ್ನು ಸುತ್ತುವರಿದ ಕಾಂಕ್ರೀಟ್ ಕೋರ್ ಒಂದೇ ಗಾಳಿಯನ್ನು ತಡೆದೀತೆಂದು ಮೊದಲು ನಂಬಿದ್ದೆ. 18 ಮೀಟರ್ ಅಗಲದ ಆ ಕೋರ್, ನೆಲಕ್ಕೆ ನೆಟ್ಟ ಕೋಲಿನಂತೆ ಬಾಗುತ್ತದೆ. ಗಾಳಿಯ ಒತ್ತಡ ಒಂದೇ ಸಮನಾಗಿದ್ದರೂ ಎತ್ತರ ಎರಡು ಪಟ್ಟಾದರೆ ತುದಿಯ ವಾಲುವಿಕೆ 16 ಪಟ್ಟಾಗುತ್ತದೆ. ಎತ್ತರದ ಐನೂರರಲ್ಲೊಂದು ಪಾಲು ಎಂಬ ರೂಢಿಯ ಮಿತಿಯಂತೆ ನಮಗಿದ್ದ ಅವಕಾಶ 480 ಮಿ.ಮೀ.; ಲೆಕ್ಕ ಹೆಚ್ಚುಕಡಿಮೆ ಅದರ ಇಮ್ಮಡಿ ಬಂತು.

ರಚನಾ ಇಂಜಿನಿಯರ್ ಫಜ್ಲುರ್ ರಹಮಾನ್ ಖಾನ್ ಅವರು 1960ರ ದಶಕದಲ್ಲಿ ಷಿಕಾಗೋದಲ್ಲಿ ಬಳಕೆಗೆ ತಂದ ಟ್ಯೂಬ್ ಪದ್ಧತಿ, ಅಂದರೆ ಹೊರಗಿನ ಕಂಬಗಳನ್ನು ಒತ್ತೊತ್ತಾಗಿ ನಿಲ್ಲಿಸಿ ಇಡೀ ಕಟ್ಟಡವನ್ನೇ ಟೊಳ್ಳು ಕೊಳವೆಯಾಗಿಸುವ ಉಪಾಯ, ನನ್ನ ದೃಷ್ಟಿಯಲ್ಲಿ ಇಂದಿಗೂ ಅತ್ಯಂತ ಸೊಗಸಾದುದು. ಅದೇ ಊರಿನ 442 ಮೀಟರ್ ಎತ್ತರದ ಸಿಯರ್ಸ್ ಗೋಪುರ (ಈಗಿನ ಹೆಸರು ವಿಲ್ಲಿಸ್ ಗೋಪುರ) ಅಂತಹ ಒಂಬತ್ತು ಕೊಳವೆಗಳ ಕಟ್ಟು. ಆದರೆ ಕಿಟಕಿಗೆ ಅಡ್ಡಬರುವ ಕಂಬಗಳನ್ನು ನಮ್ಮ ವಾಸ್ತುಶಿಲ್ಪಿ ಒಪ್ಪಲಿಲ್ಲ. ಆದ್ದರಿಂದ ಯಂತ್ರೋಪಕರಣಗಳಿಗೆಂದು ಮೀಸಲಾಗಿದ್ದ 20 ಮತ್ತು 40ನೆಯ ಮಹಡಿಗಳಲ್ಲಿ, ಕೋರನ್ನು ಹೊರಗಿನ ಎಂಟು ದಪ್ಪ ಕಂಬಗಳಿಗೆ ತ್ರಿಕೋನಗಳಾಗಿ ಹೆಣೆದ ಉಕ್ಕಿನ ಚೌಕಟ್ಟುಗಳಿಂದ, ಅಂದರೆ ಟ್ರಸ್‌ಗಳಿಂದ, ಜೋಡಿಸಿದೆವು. ಇದೇ ಔಟ್‌ರಿಗರ್ ಪದ್ಧತಿ. ಕೋರ್ ಬಾಗಲು ಹೊರಟೊಡನೆ ಟ್ರಸ್‌ಗಳು ಗಾಳಿ ಬೀಸಿ ಬರುವ ಕಡೆಯ ಕಂಬಗಳನ್ನು ಮೇಲಕ್ಕೆಳೆಯುತ್ತವೆ, ಎದುರು ಕಡೆಯವನ್ನು ಕೆಳಕ್ಕೊತ್ತುತ್ತವೆ. ಈ ಜೋಡಿ ಬಲವೇ ಬಾಗುವಿಕೆಯನ್ನು ಹಿಡಿದು ನಿಲ್ಲಿಸುತ್ತದೆ. ವಾಲುವಿಕೆ ಮಿತಿಯೊಳಗೆ ಬಂತು, ಕೆಲಸ ಮುಗಿಯಿತೆಂದು ನಾನು ಭಾವಿಸಿದೆ.

ಕಂಬಗಳು ತಮ್ಮ ಹೊರೆಯಿಂದಲೇ ಕುಗ್ಗುತ್ತವೆ ಎಂಬುದನ್ನು ನಾನು ಆ ಹಂತದಲ್ಲಿ ಗಂಭೀರವಾಗಿ ಲೆಕ್ಕಕ್ಕೆ ತೆಗೆದುಕೊಂಡಿರಲಿಲ್ಲ. ಕೋರ್ ಗೋಡೆಗಳಿಗಿಂತ ಹೆಚ್ಚಿನ ಒತ್ತಡ ಹೊತ್ತ ಹೊರಗಂಬಗಳು ಹೆಚ್ಚು ಕುಗ್ಗುತ್ತವೆ, ಮತ್ತು ಕಾಂಕ್ರೀಟು ನಿರಂತರ ಹೊರೆಯಡಿ ನಿಧಾನವಾಗಿ ಕುಗ್ಗುತ್ತ ಹೋಗುವ ಗುಣವಾದ ಕ್ರೀಪ್‌ನಿಂದಾಗಿ ಆ ಕುಗ್ಗುವಿಕೆ ವರ್ಷಗಟ್ಟಲೆ ಮುಂದುವರಿಯುತ್ತದೆ. ಟ್ರಸ್‌ಗಳನ್ನು ಏರಿಸಿದ ದಿನವೇ ಬಿಗಿದಿದ್ದರೆ, ಮೇಲಿನ ಮಹಡಿಗಳ ಭಾರ ಬರುತ್ತಿದ್ದಂತೆ ಕಂಬಗಳು ಅವುಗಳ ಮೂಲಕ ಕೋರಿಗೆ ನೇತುಬೀಳುತ್ತಿದ್ದವು, ಕೆಲವೇ ಮಿ.ಮೀ. ವ್ಯತ್ಯಾಸವಾದರೂ ಅಷ್ಟು ಗಡುಸಾದ ಟ್ರಸ್‌ನಲ್ಲಿ ಸಾವಿರಾರು ಕಿಲೋನ್ಯೂಟನ್ ಬಲ ಸೇರಿಕೊಳ್ಳುತ್ತದೆ. ಹಾಗಾಗಿ ಟ್ರಸ್‌ನ ಹೊರತುದಿಗಳನ್ನು ಬೋಲ್ಟು ಜಾರಲು ಎಡೆಯಿರುವ ಉದ್ದರಂಧ್ರಗಳಲ್ಲಿ ಸಡಿಲವಾಗಿ ಕೂರಿಸಿದೆವು. ಕಟ್ಟಡ ಪೂರ್ಣ ಎತ್ತರ ಮುಟ್ಟುವವರೆಗಿನ ಗಾಳಿಗೆ ಕೋರ್ ಒಂದೇ ಸಾಕೇ ಎಂಬುದನ್ನು ಪ್ರತ್ಯೇಕವಾಗಿ ಪರಿಶೀಲಿಸಿಕೊಂಡೆವು.

ಟ್ರಸ್‌ನ ಹೊರತುದಿಗೂ ಕಂಬಕ್ಕೂ ನಡುವಿನ ಅಂತರವನ್ನು ಅಳೆಯುತ್ತಿದ್ದುದು ಸೂರ್ಯೋದಯಕ್ಕೆ ಮುನ್ನ. 160 ಮೀಟರ್ ಉದ್ದದ ಕಂಬದ ತಾಪ 3 ಡಿಗ್ರಿ ಏರಿದರೂ ಅದು ಸುಮಾರು 5 ಮಿ.ಮೀ. ಹಿಗ್ಗುತ್ತದೆ, ಒಮ್ಮೆ ಬೆಳಿಗ್ಗೆ ಹತ್ತು ಗಂಟೆಗೆ ತೆಗೆದ ಅಳತೆಯಲ್ಲಿ ಪೂರ್ವದ ಕಂಬಗಳು ಕುಗ್ಗುವ ಬದಲು ಬೆಳೆದಂತೆ ಕಂಡು ಒಂದು ದಿನವೆಲ್ಲ ಲೆಕ್ಕದಲ್ಲಿ ತಪ್ಪು ಹುಡುಕಿದ್ದೆವು.

ಕೊನೆಯ ಸ್ಲ್ಯಾಬ್ ಬಿದ್ದ ಮೇಲೆ ಸಂದು ಮುಚ್ಚುವ ತೆಳು ಶಿಮ್ ಫಲಕಗಳನ್ನು ತುಂಬಿ ಬೋಲ್ಟುಗಳನ್ನು ಬಿಗಿದೆವು. ಆಮೇಲೂ 7 ಮಿ.ಮೀ. ಕುಗ್ಗುವಿಕೆ ಬಾಕಿಯಿದೆಯೆಂದು ಹಿಡಿದು, ಅದರಿಂದ ಬರುವ ಬಲವನ್ನು ಗಾಳಿಯ ಬಲದೊಡನೆ ಕೂಡಿಸಿಯೇ ಟ್ರಸ್‌ನ ಕರ್ಣಗಳ, ಅಂದರೆ ಓರೆ ತೊಲೆಗಳ, ದಪ್ಪವನ್ನು ನಿಶ್ಚಯಿಸಿದ್ದೆವು.